ಆರನೆಯ ಕಟ್ಟಡದ ಬೀಗದ ಕೈ

ನ್ಯೂಯಾರ್ಕ್ ನಗರದಲ್ಲಿ ಪುಕ್ಕಟೆಯಾಗಿ ಸಿಗುವ ಸುಖಗಳು ಹೆಚ್ಚಿಲ್ಲ. ಇರುವ ಕೆಲವರಲ್ಲಿ ಸ್ಟೇಟನ್ ಐಲ್ಯಾಂಡ್ ದ್ವೀಪಕ್ಕೆ ಹೋಗುವ ಹಡಗೂ ಒಂದು. ಮ್ಯಾನ್‌ಹಟನ್ನಿನ ದಕ್ಷಿಣ ತುದಿಯಿಂದ ಹೊರಡುವ ಈ ಕಿತ್ತಳೆ ಬಣ್ಣದ ಹಡಗಿಗೆ 1997ರಿಂದ ಟಿಕೆಟ್ ಇಲ್ಲ. ಇಪ್ಪತ್ತೈದು ನಿಮಿಷಗಳ ಪಯಣ. ಬಲಗಡೆ ಸ್ವಾತಂತ್ರ್ಯ ದೇವಿಯ ಪ್ರತಿಮೆ ಕಾಣಿಸುತ್ತಿದ್ದಂತೆ ಪ್ರವಾಸಿಗಳೆಲ್ಲ ಕ್ಯಾಮೆರಾ ಹಿಡಿದು ಆ ಮಗ್ಗುಲಿಗೇ ಮುಗಿಬೀಳುತ್ತಾರೆ. ದಿನವೂ ಓಡಾಡುವವರು ಒಳಗೆ ಕುಳಿತು ತೂಕಡಿಸುತ್ತಾರೆ. ಆಚೆ ದಡ ಮುಟ್ಟಿದ ಪ್ರವಾಸಿಗಳಲ್ಲಿ ಅನೇಕರು ಮುಂದಿನ ಹಡಗಿನಲ್ಲೇ ಹಿಂದಿರುಗಿಬಿಡುತ್ತಾರೆ. ದ್ವೀಪದಲ್ಲಿ ನೋಡುವಂಥದ್ದು ಏನಿದೆ ಎಂಬುದು ಅವರ ಎಣಿಕೆ.

ಹಿಂದಿರುಗದೆ, ಕಟ್ಟೆಯ ಪಕ್ಕದಲ್ಲೇ ನಿಲ್ಲುವ 'ಎಸ್ 62' ಬಸ್ಸನ್ನು ಹತ್ತಿದರೆ ವಿಕ್ಟರಿ ಬುಲೆವಾರ್ಡ್ ಎಂಬ ಉದ್ದನೆಯ ರಸ್ತೆಯಲ್ಲಿ ದ್ವೀಪದ ಒಳಭಾಗಕ್ಕೆ ಹೋಗಬಹುದು. ಮೊದಲು ಸಿಗುವುದು ಟಾಂಪ್‌ಕಿನ್ಸ್‌ವಿಲ್. ಇಲ್ಲಿ ಶ್ರೀಲಂಕಾದಿಂದ ಬಂದು ನೆಲೆಸಿದವರ ಅಂಗಡಿ, ಹೋಟೆಲುಗಳಿವೆ. ಕರಿಬೇವಿನ ಒಗ್ಗರಣೆಯ ವಾಸನೆ ಮೂಗಿಗೆ ಬಡಿದರೆ ಕನ್ನಡದ ಪ್ರವಾಸಿಗೆ ಬಸ್ಸಿನಿಂದ ಇಳಿದುಬಿಡುವ ಮನಸ್ಸಾದೀತು. ಇಳಿಯಬಾರದು. ಮನೆಗಳು, ಮರಗಳು, ಏರಿಳಿತಗಳನ್ನು ದಾಟಿದ ಮೇಲೆ ವಿಶಾಲವಾದ ಹಸಿರು ಆವರಣವೊಂದು ಎದುರಾಗುತ್ತದೆ. ಅದೇ ಕಾಲೇಜ್ ಆಫ್ ಸ್ಟೇಟನ್ ಐಲ್ಯಾಂಡ್. ವಿಸ್ತೀರ್ಣ 204 ಎಕರೆ. ಇಟ್ಟಿಗೆಯ ಕಟ್ಟಡಗಳು, ಕತ್ತರಿಸಿಟ್ಟ ಹುಲ್ಲು, ಬೆನ್ನಿಗೆ ಚೀಲ ಹಾಕಿಕೊಂಡು ತರಗತಿಗೆ ಧಾವಿಸುವ ಹುಡುಗ ಹುಡುಗಿಯರು. ಕಟ್ಟಡಗಳಿಗೆ ಹೆಸರಿಗಿಂತ ಅಂಕೆ ಅಕ್ಷರಗಳೇ ಗುರುತು. ಗ್ರಂಥಾಲಯಕ್ಕೆ '1ಎಲ್' ಎಂದು.

ಕಾಲೇಜು ಈ ಜಾಗಕ್ಕೆ ಬಂದದ್ದು 1993ರಲ್ಲಿ. ಅದಕ್ಕೂ ಮೊದಲು ಇದೇ ನೆಲದಲ್ಲಿ, ಇವುಗಳಲ್ಲಿ ಕೆಲವು ಕಟ್ಟಡಗಳಲ್ಲೇ, ಸಾವಿರಾರು ಮಕ್ಕಳು ಬೀಗದೊಳಗೆ ಬದುಕಿದ್ದರು. ಆಗ ಇದರ ಹೆಸರು ವಿಲೋಬ್ರೂಕ್ ಸ್ಟೇಟ್ ಸ್ಕೂಲ್. ಹೆಸರಿಗೆ ಶಾಲೆ, ಅಷ್ಟೆ.

ಶಾಲೆಯಾಗುವುದಕ್ಕೂ ಮುಂಚೆ ಇದು ಯುದ್ಧದ ಆಸ್ಪತ್ರೆಯಾಗಿತ್ತು. ಬುದ್ಧಿ ಬೆಳವಣಿಗೆ ಕುಂಠಿತವಾದ ಮಕ್ಕಳಿಗೆಂದು ರಾಜ್ಯ ಸರಕಾರ ಕಟ್ಟಿಸಿದ ಕಟ್ಟಡಗಳನ್ನು ಎರಡನೆಯ ಮಹಾಯುದ್ಧದ ಸಮಯದಲ್ಲಿ, 1942ರಲ್ಲಿ, ಸೈನ್ಯ ವಹಿಸಿಕೊಂಡು ಗಾಯಾಳು ಸೈನಿಕರನ್ನು ಇರಿಸಿತು. 1947ರಲ್ಲಿ ಮಕ್ಕಳು ಬರತೊಡಗಿದರು. 4,000 ಮಂದಿಗೆಂದು ಯೋಜಿಸಿದ ಸಂಸ್ಥೆಯಲ್ಲಿ 1965ರ ಹೊತ್ತಿಗೆ 6,000ಕ್ಕೂ ಹೆಚ್ಚು ಜನರಿದ್ದರು. ಆ ಕಾಲದಲ್ಲಿ ವೈದ್ಯರು ತಂದೆತಾಯಿಗಳಿಗೆ ಹೇಳುತ್ತಿದ್ದ ಮಾತು ಸರಳ: ಈ ಮಗುವನ್ನು ಸಂಸ್ಥೆಗೆ ಬಿಡಿ, ಮರೆತುಬಿಡಿ, ಉಳಿದ ಮಕ್ಕಳನ್ನು ನೋಡಿಕೊಳ್ಳಿ. ಹಾಗೆ ಬಿಟ್ಟವರನ್ನು ಕಟುಕರೆಂದು ಬೈಯುವುದು ಸುಲಭ. ಆದರೆ ಇಂಥ ಮಕ್ಕಳನ್ನು ಆಗ ಊರಿನ ಶಾಲೆ ಸೇರಿಸಿಕೊಳ್ಳುತ್ತಿರಲಿಲ್ಲ, ಮನೆಗೆ ಬಂದು ನೆರವಾಗುವವರಿರಲಿಲ್ಲ. ವೈದ್ಯರ ಮಾತನ್ನು ನಂಬದೆ ಅವರು ಇನ್ನೇನು ಮಾಡಬೇಕಿತ್ತು?

ಒಳಗಿದ್ದವರೆಲ್ಲ ಒಂದೇ ಬಗೆಯವರೂ ಅಲ್ಲ. ಡೌನ್ ಸಿಂಡ್ರೋಮ್ ಇದ್ದವರು, ಅಪಸ್ಮಾರದವರು, ಮಿದುಳಿನ ಪಾರ್ಶ್ವವಾಯುವಿನಿಂದ ಕೈಕಾಲು, ನಾಲಿಗೆ ಹಿಡಿತಕ್ಕೆ ಸಿಗದೆ ಬುದ್ಧಿ ಮಾತ್ರ ಚುರುಕಾಗಿದ್ದವರು. ಆಟಿಸಂ ಇದ್ದವರೂ ಇದ್ದರು. ಲಿಯೋ ಕ್ಯಾನರ್ ಎಂಬ ವೈದ್ಯ ಆಟಿಸಂ ಅನ್ನು 1943ರಲ್ಲೇ ವಿವರಿಸಿದ್ದರೂ ಅಮೆರಿಕದ ಮನೋವೈದ್ಯರ ಅಧಿಕೃತ ಪಟ್ಟಿಯಲ್ಲಿ ಅದು ಪ್ರತ್ಯೇಕ ಸ್ಥಿತಿಯಾಗಿ ಸೇರಿದ್ದು 1980ರಲ್ಲಿ. ಅಲ್ಲಿಯವರೆಗೆ ಅಂಥ ಮಕ್ಕಳ ಕಡತದ ಮೇಲೆ ಬೇರೆ ಬೇರೆ ಹಣೆಪಟ್ಟಿಗಳಿರುತ್ತಿದ್ದವು. ಗದ್ದಲ ಸಹಿಸಲಾರದೆ ಕಿವಿ ಮುಚ್ಚಿಕೊಳ್ಳುವ, ದಿನಚರಿ ಸ್ವಲ್ಪ ಬದಲಾದರೂ ಕಂಗೆಡುವ ಮಗುವನ್ನು ಐವತ್ತು ಮಂದಿ ಕಿರುಚಾಡುವ ಹಜಾರದಲ್ಲಿ ಇಟ್ಟರೆ ಏನಾಗುತ್ತದೆಂದು ಇಂದಿನ ಯಾವ ಶಿಕ್ಷಕರೂ ಊಹಿಸಬಲ್ಲರು. ಆ ಮಗು ತಲೆಯನ್ನು ಗೋಡೆಗೆ ಚಚ್ಚಿಕೊಳ್ಳುತ್ತದೆ. ಚಚ್ಚಿಕೊಂಡದ್ದು ಕಾಯಿಲೆಯ ಲಕ್ಷಣವೆಂದು ಕಡತಕ್ಕೆ ಸೇರುತ್ತದೆ. ಗದ್ದಲದ ಸುದ್ದಿ ಸೇರುವುದಿಲ್ಲ.

ವಾರ್ಡಿನಲ್ಲಿ ಐವತ್ತು ಮಕ್ಕಳಿಗೆ ಒಬ್ಬ ಸಹಾಯಕ ಎಂಬಂಥ ಸ್ಥಿತಿ. ತಾನೇ ತಿನ್ನಲಾರದ ಒಂದು ಮಗುವಿಗೆ ಊಟ ಮಾಡಿಸಲು ಸಿಗುತ್ತಿದ್ದ ಸಮಯ ಸರಾಸರಿ ಮೂರು ನಿಮಿಷ ಎಂದು ಅಲ್ಲಿನ ವೈದ್ಯರೊಬ್ಬರು ಮುಂದೆ ಟೆಲಿವಿಷನ್ ಕ್ಯಾಮೆರಾದೆದುರು ಹೇಳಿದರು. ಜೀವಶಾಸ್ತ್ರ ಓದಿದ ವಿದ್ಯಾರ್ಥಿಗಳಿಗೆ ಇದರ ಅರ್ಥ ಹೊಳೆಯಬೇಕು. ಅನ್ನನಾಳ ಮತ್ತು ಶ್ವಾಸನಾಳಗಳ ಬಾಯಿ ಗಂಟಲಿನಲ್ಲಿ ಒಟ್ಟೊಟ್ಟಿಗೇ ಇವೆ. ನುಂಗುವಾಗ ಕಿರುನಾಲಿಗೆಯ ಕೆಳಗಿರುವ ಮುಚ್ಚಳವೊಂದು ಶ್ವಾಸನಾಳವನ್ನು ಮುಚ್ಚಬೇಕು. ನುಂಗುವ ಸ್ನಾಯುಗಳು ದುರ್ಬಲವಾಗಿರುವ ಮಗುವಿನ ಬಾಯಿಗೆ ಗಂಜಿಯನ್ನು ತುರುಕುತ್ತ ಹೋದರೆ ಅದು ಶ್ವಾಸಕೋಶಕ್ಕೆ ಇಳಿಯುತ್ತದೆ. ನ್ಯುಮೋನಿಯಾ ಬರುತ್ತದೆ. ಮರಣಪತ್ರದಲ್ಲಿ ನ್ಯುಮೋನಿಯಾ ಎಂದೇ ಬರೆಯಲಾಗುತ್ತದೆ; ಮೂರು ನಿಮಿಷ ಎಂದು ಬರೆಯಲು ಅಲ್ಲಿ ಕಾಲಂ ಇಲ್ಲ.

ವಿಜ್ಞಾನದ ವಿದ್ಯಾರ್ಥಿ ಈ ಆವರಣದಲ್ಲಿ ನಿಂತು ಯೋಚಿಸಬೇಕಾದ ಇನ್ನೊಂದು ಅಧ್ಯಾಯವೂ ಇದೆ.

ಕಿಕ್ಕಿರಿದ, ಮಲಮೂತ್ರ ಹರಡಿದ ಹಜಾರಗಳಲ್ಲಿ ಹೆಪಟೈಟಿಸ್, ಅಂದರೆ ಯಕೃತ್ತಿನ ಉರಿಯೂತ, ಮನೆಮಾಡಿತ್ತು. ಸೇರಿದ ಕೆಲವೇ ತಿಂಗಳಲ್ಲಿ ಬಹುತೇಕ ಮಕ್ಕಳಿಗೆ ಅದು ತಗಲುತ್ತಿತ್ತು. ನ್ಯೂಯಾರ್ಕ್ ವಿಶ್ವವಿದ್ಯಾಲಯದ ಸಾಲ್ ಕ್ರುಗ್‌ಮನ್ ಎಂಬ ಮಕ್ಕಳ ತಜ್ಞರು 1956ರಿಂದ ಸುಮಾರು ಹದಿನೈದು ವರ್ಷ ಇಲ್ಲಿ ಈ ಕಾಯಿಲೆಯ ಅಧ್ಯಯನ ನಡೆಸಿದರು. ಹೇಗೆ? ಹೊಸದಾಗಿ ಬಂದ ಕೆಲವು ಮಕ್ಕಳಿಗೆ ಪ್ರತ್ಯೇಕ ಘಟಕದಲ್ಲಿ ಬೇಕೆಂದೇ ಸೋಂಕು ಹಚ್ಚಿ. ರೋಗಿಗಳ ಮಲದಿಂದ ತಯಾರಿಸಿದ ದ್ರಾವಣವನ್ನು ಹಾಲಿನಲ್ಲಿ ಬೆರೆಸಿ ಕುಡಿಸಿದ್ದೂ ಉಂಟು. ಫಲಿತಾಂಶಗಳು ಸಣ್ಣವಲ್ಲ. ಹೆಪಟೈಟಿಸ್ ಒಂದಲ್ಲ, ಎರಡು ಬೇರೆ ಬೇರೆ ಸೋಂಕುಗಳು, ಒಂದರ ಲಕ್ಷಣ ಒಂದು ತಿಂಗಳ ಆಸುಪಾಸಿನಲ್ಲಿ ಕಾಣಿಸಿದರೆ ಇನ್ನೊಂದಕ್ಕೆ ಎರಡು ಮೂರು ತಿಂಗಳು ಬೇಕು ಎಂದು 1967ರಲ್ಲಿ ಅವರು ಸ್ಪಷ್ಟವಾಗಿ ತೋರಿಸಿದರು. ಸೋಂಕಿದ ರಕ್ತದ್ರವವನ್ನು ಒಂದು ನಿಮಿಷ ಕುದಿಸಿ ಚುಚ್ಚಿದರೆ ಬಿ ಬಗೆಯ ವಿರುದ್ಧ ತಕ್ಕಮಟ್ಟಿನ ರಕ್ಷಣೆ ಸಿಗುತ್ತದೆಂದು 1971ರಲ್ಲಿ ಕಂಡುಕೊಂಡರು. ಲಸಿಕೆಯ ದಾರಿಯಲ್ಲಿ ಅದೊಂದು ಮೆಟ್ಟಿಲು. ಇಂದು ಬಳಸುವ ಲಸಿಕೆ ತಯಾರಾಗುವ ಬಗೆ ಬೇರೆ. ಆದರೂ ಕರ್ನಾಟಕದ ಆಸ್ಪತ್ರೆಯಲ್ಲಿ ಹುಟ್ಟಿದ ಕೂಸಿಗೆ 24 ಗಂಟೆಯೊಳಗೆ ಹಾಕುವ ಹೆಪಟೈಟಿಸ್ ಬಿ ಚುಚ್ಚುಮದ್ದಿನ ಹಿಂದೆ ವಿಲೋಬ್ರೂಕಿನ ಮಕ್ಕಳ ಪಾಲೂ ಒಂದಿಷ್ಟಿದೆ.

ಹೇಗಿದ್ದರೂ ಈ ಮಕ್ಕಳಿಗೆ ಕಾಯಿಲೆ ಬರುವುದೇ ಇತ್ತು, ಘಟಕದಲ್ಲಿ ಆರೈಕೆಯಾದರೂ ಚೆನ್ನಾಗಿತ್ತು, ಪಾಲಕರು ಸಹಿ ಹಾಕಿದ್ದರು ಎಂಬುದು ಕ್ರುಗ್‌ಮನ್‌ರ ಸಮರ್ಥನೆ. ವಾದ ಮೇಲುನೋಟಕ್ಕೆ ಸರಿಯೆನಿಸುತ್ತದೆ. ಆದರೆ 1964ರ ಕೊನೆಗೆ ಜಾಗವಿಲ್ಲವೆಂದು ಸಾಮಾನ್ಯ ಪ್ರವೇಶ ನಿಂತಾಗಲೂ ಹೆಪಟೈಟಿಸ್ ಘಟಕದಲ್ಲಿ ಮಾತ್ರ ಜಾಗವಿತ್ತು, ಪಾಲಕರಿಗೆ ಹಾಗೆಂದು ತಿಳಿಸಲೂ ಆಗಿತ್ತು. ಮಗುವನ್ನು ನೋಡಿಕೊಳ್ಳಲು ಬೇರೆ ದಾರಿಯೇ ಇಲ್ಲದ ತಾಯಿ ಹಾಕಿದ ಸಹಿ ಒಪ್ಪಿಗೆಯೇ? ಹೆನ್ರಿ ಬೀಚರ್ ಎಂಬ ವೈದ್ಯ 1966ರಲ್ಲಿ ನೀತಿಗೆಟ್ಟ ಪ್ರಯೋಗಗಳ 22 ಉದಾಹರಣೆಗಳನ್ನು ಬರೆದಾಗ ಇದನ್ನೂ ಸೇರಿಸಿದರು. ಇಷ್ಟಕ್ಕೂ ಕಾಯಿಲೆ ಅನಿವಾರ್ಯವಾಗಿದ್ದದ್ದು ಪ್ರಕೃತಿ ನಿಯಮದಿಂದಲ್ಲ. ಸೋಪು, ನೀರು, ಸಾಕಷ್ಟು ಕೆಲಸದವರು ಇಲ್ಲದ್ದರಿಂದ. ಕ್ರುಗ್‌ಮನ್‌ರಿಗೆ 1983ರಲ್ಲಿ ದೊಡ್ಡ ಪ್ರಶಸ್ತಿ ಬಂತು. ಮಕ್ಕಳ ಪರವಾಗಿ ಒಂದು ಮಾತು ಕೇಳಲು ಆ ಘಟಕದ ಒಳಗೆ ಯಾರೂ ಇರಲಿಲ್ಲ.

ಹೊರಗೆ ಯಾರಿಗೂ ಗೊತ್ತಿರಲಿಲ್ಲವೇ? ಗೊತ್ತಿತ್ತು. 1965ರಲ್ಲಿ ಸೆನೆಟರ್ ರಾಬರ್ಟ್ ಕೆನಡಿ ಮುನ್ಸೂಚನೆ ಕೊಡದೆ ಇಲ್ಲಿಗೆ ಬಂದು ನೋಡಿ, ಮೃಗಾಲಯದ ಬೋನುಗಳೇ ಇದಕ್ಕಿಂತ ವಾಸಿ ಎಂಬರ್ಥದ ಮಾತಾಡಿದ್ದರು. ಪತ್ರಿಕೆಗಳಲ್ಲಿ ಬಂತು. ಒಂದಷ್ಟು ಸುಧಾರಣೆಯ ಭರವಸೆಗಳು ಬಂದವು. ಬಳಿಕ ರಾಜ್ಯದ ಬೊಕ್ಕಸಕ್ಕೆ ಬಿಕ್ಕಟ್ಟು ಬಂದು ನೌಕರರ ನೇಮಕವೇ ನಿಂತಿತು. 1971ರಲ್ಲಿ ದ್ವೀಪದ ಸ್ಥಳೀಯ ಪತ್ರಿಕೆಯ ವರದಿಗಾರ್ತಿ ಜೇನ್ ಕರ್ಟಿನ್ ಮತ್ತೆ ಮತ್ತೆ ಬರೆದರು. ದೊಡ್ಡವರೊಬ್ಬರು ಬಂದು ನೋಡಿ ಮರುಗಿ ಹೋದ ಮಾತ್ರಕ್ಕೆ ಏನೂ ಬದಲಾಗುವುದಿಲ್ಲ. ನಮ್ಮ ಕಡೆಯ ವಸತಿನಿಲಯಗಳ ತನಿಖೆ ಕಂಡವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ.

ಬದಲಾವಣೆ ಬಂದದ್ದು ಬೇರೆ ಬಗೆಯಲ್ಲಿ. ಮೈಕೆಲ್ ವಿಲ್ಕಿನ್ಸ್ ಎಂಬ ಯುವ ವೈದ್ಯ ಮತ್ತು ಎಲಿಜಬೆತ್ ಲೀ ಎಂಬ ಸಮಾಜಕಾರ್ಯಕರ್ತೆ ಭಾನುವಾರ ಮಕ್ಕಳನ್ನು ನೋಡಲು ಬರುವ ಪಾಲಕರನ್ನು ಒಟ್ಟುಗೂಡಿಸಿ, ನೀವು ಕೇಳಿ, ಕೇಳುವುದು ನಿಮ್ಮ ಹಕ್ಕು ಎಂದು ಹೇಳತೊಡಗಿದರು. ಪಾಲಕರಿಗೆ ಭಯ. ಬಾಯಿ ಬಿಟ್ಟರೆ ನಾಳೆ ತಮ್ಮ ಮಗುವಿಗೆ ಏನಾದೀತೋ ಎಂದು. ಆದರೂ ಕೆಲವರು ಕೇಳಿದರು. 1972ರ ಜನವರಿಯಲ್ಲಿ ಇಬ್ಬರೂ ಕೆಲಸ ಕಳೆದುಕೊಂಡರು. ವಜಾ ಮಾಡಿದವರು ಒಂದು ಸಣ್ಣ ವಿಷಯ ಮರೆತಿದ್ದರು. ಆರನೆಯ ಕಟ್ಟಡದ ಬೀಗದ ಕೈ ಇನ್ನೂ ವಿಲ್ಕಿನ್ಸರ ಜೇಬಿನಲ್ಲೇ ಇತ್ತು.

ವಿಲ್ಕಿನ್ಸ್ ತಮಗೆ ಪರಿಚಯವಿದ್ದ 28 ವರ್ಷದ ಟೆಲಿವಿಷನ್ ವರದಿಗಾರ ಹೆರಾಲ್ಡೊ ರಿವೇರಾಗೆ ಫೋನು ಮಾಡಿದರು. ಕ್ಯಾಮೆರಾ ತಂಡ ಯಾರ ಅಪ್ಪಣೆಯನ್ನೂ ಕೇಳದೆ ಒಳಹೊಕ್ಕಿತು. ಅರೆಗತ್ತಲ ಕೋಣೆ, ಬರಿಮೈಯಲ್ಲಿ ನೆಲದ ಮೇಲೆ ಮುದುಡಿ ಕುಳಿತ ಮಕ್ಕಳು, ಒಂದೇ ಸಮನೆ ಕೇಳುವ ನರಳಾಟ. ಚಿತ್ರವನ್ನೂ ಧ್ವನಿಯನ್ನೂ ತೋರಿಸಬಲ್ಲೆ, ಆದರೆ ಈ ವಾಸನೆಯನ್ನು ನಿಮಗೆ ಹೇಗೆ ತಲುಪಿಸಲಿ ಎಂದು ರಿವೇರಾ ವೀಕ್ಷಕರನ್ನು ಕೇಳಿದ. ಲಕ್ಷಾಂತರ ಮನೆಗಳಲ್ಲಿ ಅದನ್ನು ನೋಡಿದರು. ಅದೇ ವರ್ಷ ಆಗಸ್ಟ್ 30ರಂದು ಬೀಟಲ್ಸ್ ಖ್ಯಾತಿಯ ಜಾನ್ ಲೆನನ್ ಈ ಮಕ್ಕಳಿಗಾಗಿ ಮ್ಯಾಡಿಸನ್ ಸ್ಕ್ವೇರ್ ಗಾರ್ಡನ್ನಿನಲ್ಲಿ ಎರಡು ಹಾಡುಗಾರಿಕೆ ನಡೆಸಿ ಹಣ ಕೂಡಿಸಿಕೊಟ್ಟ.

ಆ ವರದಿಯಲ್ಲಿ ನೆನಪಿನಲ್ಲಿ ನಿಲ್ಲುವುದು ಬರ್ನಾರ್ಡ್ ಕ್ಯಾರಬೆಲ್ಲೊ ಎಂಬ 21ರ ಯುವಕನ ಮಾತು. ಮಿದುಳಿನ ಪಾರ್ಶ್ವವಾಯು ಇದ್ದ ಆತನನ್ನು ಮೂರನೆಯ ವಯಸ್ಸಿನಲ್ಲಿ ಬುದ್ಧಿಮಾಂದ್ಯನೆಂದು ತಪ್ಪಾಗಿ ಗುರುತಿಸಿ ಇಲ್ಲಿಗೆ ಕಳಿಸಲಾಗಿತ್ತು. ಹದಿನೆಂಟು ವರ್ಷ ಒಳಗೇ ಕಳೆದ. ತೊದಲು ಮಾತು, ಕಷ್ಟಪಟ್ಟು ಒಂದೊಂದೇ ಪದ ಹೊರಬರುತ್ತದೆ. ಆದರೆ ಕಿವಿಗೊಟ್ಟವರಿಗೆ ಎಲ್ಲವೂ ಅರ್ಥವಾಗುತ್ತದೆ. ತನ್ನ ಬದುಕಿನ ಬಗ್ಗೆ ತಾನೇ ಸಾಕ್ಷಿ ಹೇಳಿದ. ಕೆನಡಿ ಹೇಳಿದ್ದಕ್ಕಿಂತ ಈ ತೊದಲು ಮಾತಿಗೆ ತೂಕ ಹೆಚ್ಚು.

1972ರ ಮಾರ್ಚ್ 17ರಂದು ಪಾಲಕರು ಮತ್ತು ಅವರ ಸಂಘಟನೆ ರಾಜ್ಯದ ಮೇಲೆ ಮೊಕದ್ದಮೆ ಹೂಡಿದರು. ಮೂರು ವರ್ಷದ ಬಳಿಕ, 1975ರಲ್ಲಿ, ರಾಜಿಪತ್ರಕ್ಕೆ ನ್ಯಾಯಾಧೀಶ ಆರಿನ್ ಜಡ್ ಸಹಿ ಹಾಕಿದರು. ಸುಮಾರು 5,400 ಮಂದಿಗೆ ಅನ್ವಯಿಸುವ ಒಪ್ಪಂದವದು. ಆರು ವರ್ಷದಲ್ಲಿ ಸಂಸ್ಥೆಯಲ್ಲಿ 250 ಹಾಸಿಗೆಗಳಿಗಿಂತ ಹೆಚ್ಚು ಉಳಿಯಬಾರದು, ಉಳಿದವರಿಗೆ ಊರೊಳಗಿನ ಸಣ್ಣ ಮನೆಗಳಲ್ಲಿ ವಾಸದ ಏರ್ಪಾಡಾಗಬೇಕು ಎಂಬುದು ಅದರ ತಿರುಳು. ಆರು ವರ್ಷದಲ್ಲಿ ಆಗಲಿಲ್ಲ. ಕೊನೆಯವರು ಹೊರಟು ಬಾಗಿಲು ಮುಚ್ಚಿದ್ದು 1987ರ ಸೆಪ್ಟೆಂಬರಿನಲ್ಲಿ.

ಒಪ್ಪಂದದಲ್ಲಿ ಹೆಚ್ಚು ಜನರ ಕಣ್ಣಿಗೆ ಬೀಳದ ಒಂದು ಅಂಶವಿದೆ. ಹೇಳುವ ಕೇಳುವ ಬಂಧುಗಳೇ ಇಲ್ಲದವರ ಗತಿಯೇನು? ಅಂಥವರ ಪರವಾಗಿ ನಿಲ್ಲಲೆಂದೇ ಒಂದು ಸಲಹಾ ಮಂಡಳಿ ರಚಿಸಲಾಯಿತು. ಊಟ, ಔಷಧಿ, ಶಸ್ತ್ರಚಿಕಿತ್ಸೆ, ಮನೆ ಬದಲಾವಣೆ, ಎಲ್ಲಕ್ಕೂ ಆ ವ್ಯಕ್ತಿಯ ಕಡೆಯಿಂದ ಪ್ರಶ್ನೆ ಕೇಳುವುದು ಅದರ ಕೆಲಸ. ವಕಾಲತ್ತು ಎಂದರೆ ನಮಗೆ ಕರಿ ಕೋಟು ನೆನಪಾಗುತ್ತದೆ. ಇಲ್ಲಿ ಅದರ ಅರ್ಥ ಇನ್ನೂ ಸಾದಾ. ಸಭೆಯಲ್ಲಿ ಒಬ್ಬರು ಕುಳಿತು, ಇವನಿಗೆ ಈ ಮಾತ್ರೆ ಯಾಕೆ, ಯಾವಾಗ ನಿಲ್ಲಿಸುತ್ತೀರಿ, ಇವನಿಗೆ ಇಷ್ಟವೇ ಎಂದು ಕೇಳಿದ್ದೀರಾ ಎನ್ನಬೇಕು. ಉತ್ತರ ಸಿಗುವವರೆಗೂ ಏಳಬಾರದು. ವಿಲೋಬ್ರೂಕಿನಿಂದ ಬಂದವರು ಬದುಕಿರುವವರೆಗೂ ಈ ರಕ್ಷಣೆ ಇರಬೇಕೆಂದು 1993ರ ನ್ಯಾಯಾಲಯದ ಆದೇಶ ಮತ್ತೆ ಗಟ್ಟಿಮಾಡಿತು.

ಊರೊಳಗಿನ ಬದುಕು ಹೂವಿನ ಹಾಸಿಗೆಯಾಗಿರಲಿಲ್ಲ. ನಮ್ಮ ಬೀದಿಗೆ ಬೇಡ ಎಂದ ನೆರೆಹೊರೆಯವರು ಎಷ್ಟೋ. ಶಾಲೆಗಳೂ ಹಿಂದೆ ಬೀಳಲಿಲ್ಲ. ವಿಲೋಬ್ರೂಕಿನಲ್ಲಿ ಹತ್ತಿದ ಹೆಪಟೈಟಿಸ್ ಬಿ ವೈರಾಣು ರಕ್ತದಲ್ಲಿ ಉಳಿದುಕೊಂಡಿದ್ದ ಐವತ್ತರಷ್ಟು ಮಕ್ಕಳನ್ನು ನಗರದ ಶಿಕ್ಷಣ ಮಂಡಳಿ ಇತರರಿಂದ ಬೇರ್ಪಡಿಸಿ ಕೂರಿಸಲು ಹೊರಟಿತು. ಸರಕಾರಿ ಸಂಸ್ಥೆ ಕೊಟ್ಟ ಕಾಯಿಲೆ, ಸರಕಾರಿ ಶಾಲೆ ಕೊಟ್ಟ ಶಿಕ್ಷೆ! ತರಗತಿಯಲ್ಲಿ ಜೊತೆಗೆ ಕೂತ ಮಾತ್ರಕ್ಕೆ ಈ ಸೋಂಕು ಹರಡುತ್ತದೆ ಎಂಬುದಕ್ಕೆ ಮಂಡಳಿ ಒದಗಿಸಿದ ಪುರಾವೆ ಸಾಲದೆಂದು 1979ರಲ್ಲಿ ಮೇಲ್ಮನವಿ ನ್ಯಾಯಾಲಯ ಅದನ್ನು ತಳ್ಳಿಹಾಕಿತು. ವಿಜ್ಞಾನ ಮಕ್ಕಳ ಪರವಾಗಿ ಸಾಕ್ಷಿ ನುಡಿದ ಸಂದರ್ಭವದು. ಹಾಗೆಂದು ಸಣ್ಣ ಮನೆಗಳಲ್ಲೆಲ್ಲ ಎಲ್ಲವೂ ನೆಟ್ಟಗಾಯಿತು ಎನ್ನುವಂತಿಲ್ಲ. ವಿಲೋಬ್ರೂಕಿನವರು ವಾಸವಿದ್ದ ಬ್ರಾಂಕ್ಸ್‌ನ ವಸತಿಯೊಂದರಲ್ಲಿ ಹಿಂಸೆ ನಡೆದ ಆರೋಪಗಳು 2020ರಲ್ಲೂ ಪತ್ರಿಕೆಗಳಲ್ಲಿ ಬಂದವು. ಗೋಡೆ ಚಿಕ್ಕದಾದರೂ ಬಾಗಿಲು ತಟ್ಟುವವರು ಬೇಕೇ ಬೇಕು.

ಈ ದ್ವೀಪದಿಂದ ಕೊಲ್ಲಿ ದಾಟಿದರೆ ಮ್ಯಾನ್‌ಹಟನ್ನಿನಲ್ಲಿ ವಿಶ್ವಸಂಸ್ಥೆಯ ಕಟ್ಟಡ. ಅಂಗವಿಕಲರ ಹಕ್ಕುಗಳ ಜಾಗತಿಕ ಒಡಂಬಡಿಕೆ ಅಲ್ಲಿ 2006ರ ಡಿಸೆಂಬರ್ 13ರಂದು ಅಂಗೀಕಾರವಾಯಿತು. ಸಮಾಜದೊಳಗೆ ಎಲ್ಲರಂತೆ ಬಾಳುವ ಹಕ್ಕು ಅದರ ಹತ್ತೊಂಬತ್ತನೆಯ ವಿಧಿ. ಭಾರತ 2007ರಲ್ಲಿ ಅದನ್ನು ಸ್ಥಿರೀಕರಿಸಿತು. ಅಮೆರಿಕ ಸಹಿ ಹಾಕಿದೆ, ಸ್ಥಿರೀಕರಿಸಿಲ್ಲ. ಇದೂ ಒಂದು ವಿಚಿತ್ರ. ಆ ಒಡಂಬಡಿಕೆಗೆ ಅನುಗುಣವಾಗಿ ಬಂದದ್ದೇ ನಮ್ಮ 2016ರ ಅಂಗವಿಕಲರ ಹಕ್ಕುಗಳ ಕಾಯ್ದೆ. ಅದು ಗುರುತಿಸುವ 21 ಸ್ಥಿತಿಗಳಲ್ಲಿ ಬೌದ್ಧಿಕ ಅಸಾಮರ್ಥ್ಯ, ಆಟಿಸಂ, ಓದು-ಬರಹ-ಲೆಕ್ಕಗಳಲ್ಲಿನ ನಿರ್ದಿಷ್ಟ ಕಲಿಕಾ ತೊಡಕು, ಮೂರೂ ಪ್ರತ್ಯೇಕವಾಗಿ ಸೇರಿವೆ.

ಅದಕ್ಕೂ ಹಳೆಯದು 1999ರ ರಾಷ್ಟ್ರೀಯ ನ್ಯಾಸ ಕಾಯ್ದೆ. ಇಂಥ ಮಗುವಿರುವ ಪ್ರತಿ ಮನೆಯ ಹಿರಿಯರನ್ನೂ ರಾತ್ರಿ ಎಚ್ಚರವಿಡುವ ಪ್ರಶ್ನೆ ಒಂದೇ: ನಮ್ಮ ಕಾಲಾನಂತರ ಯಾರು? ಆಟಿಸಂ, ಮಿದುಳಿನ ಪಾರ್ಶ್ವವಾಯು, ಬೌದ್ಧಿಕ ಅಸಾಮರ್ಥ್ಯ, ಬಹುವಿಧ ವೈಕಲ್ಯ ಇರುವವರಿಗೆ ಹದಿನೆಂಟು ತುಂಬಿದ ಮೇಲೂ ಅಗತ್ಯವಿದ್ದರೆ ಪೋಷಕರನ್ನು ನೇಮಿಸಲು ಈ ಕಾಯ್ದೆಯಡಿ ಸ್ಥಳೀಯ ಸಮಿತಿಗಳಿವೆ. ಅದರ ಮೂವರು ಸದಸ್ಯರು: ಜಿಲ್ಲಾಧಿಕಾರಿಯ ದರ್ಜೆಗೆ ಕಡಿಮೆಯಿಲ್ಲದ ಅಧಿಕಾರಿ, ನೋಂದಾಯಿತ ಸಂಸ್ಥೆಯ ಪ್ರತಿನಿಧಿ, ಮತ್ತು ಸ್ವತಃ ಅಂಗವೈಕಲ್ಯವುಳ್ಳ ಒಬ್ಬರು. ಆ ಮೂರನೆಯ ಕುರ್ಚಿ ಕ್ಯಾರಬೆಲ್ಲೊನಂಥವರದು. ತಮ್ಮ ಜಿಲ್ಲೆಯ ಸಮಿತಿ ಕೊನೆಯ ಸಲ ಸಭೆ ಸೇರಿದ್ದು ಯಾವಾಗ, ಆ ಕುರ್ಚಿಯಲ್ಲಿ ಯಾರಿದ್ದಾರೆ ಎಂದು ಜಿಲ್ಲಾಧಿಕಾರಿ ಕಚೇರಿಯಲ್ಲಿ ವಿಚಾರಿಸಲು ಪಾಲಕರು ಹಿಂಜರಿಯಬೇಕಾಗಿಲ್ಲ.

ಕಾಲೇಜಿಗೆ ಮರಳೋಣ. ಆವರಣದಲ್ಲಿ ಮತ್ತು ಪಕ್ಕದ ಸರಕಾರಿ ಜಾಗದಲ್ಲಿ ನಡೆದು ನೋಡುವವರಿಗಾಗಿ 'ವಿಲೋಬ್ರೂಕ್ ಮೈಲ್' ಎಂಬ ಕಾಲುಹಾದಿಯನ್ನು 2022ರಲ್ಲಿ ತೆರೆಯಲಾಯಿತು. ಅಲ್ಲಲ್ಲಿ ನಿಲ್ಲಿಸಿದ ಫಲಕಗಳು ನಡೆದದ್ದನ್ನು ಹೇಳುತ್ತವೆ. ಆಸುಪಾಸಿನಲ್ಲೇ 1968ರಲ್ಲಿ ಆರಂಭವಾದ ಬೆಳವಣಿಗೆಯ ತೊಡಕುಗಳ ಸಂಶೋಧನಾ ಕೇಂದ್ರವಿದೆ. ಹಳೆಯ ದಾಖಲೆಗಳನ್ನು ಕಾಲೇಜಿನ ಗ್ರಂಥಾಲಯ ಕಾಪಾಡಿಕೊಂಡಿದೆ. ಹೊರಬಂದ ಕ್ಯಾರಬೆಲ್ಲೊ, ಅಂಗವೈಕಲ್ಯವುಳ್ಳವರೇ ತಮ್ಮ ಪರವಾಗಿ ತಾವೇ ಮಾತನಾಡುವ ರಾಜ್ಯ ಮಟ್ಟದ ಸಂಘ ಕಟ್ಟಿದವರಲ್ಲಿ ಒಬ್ಬರಾದರು. ಆತ ಅದೇ ವಿಷಯದಲ್ಲಿ ರಾಜ್ಯ ಸರಕಾರದ ಇಲಾಖೆಯಲ್ಲೇ ನೌಕರಿ ಮಾಡಿದ್ದು ವಿಧಿಯ ತಮಾಷೆ ಎನ್ನಬೇಕು.

ಸಮಯವಿದ್ದವರು ಹಿಂದಿರುಗುವ ಮೊದಲು ವಿಲೋಬ್ರೂಕ್ ಪಾರ್ಕಿಗೆ ಹೋಗಬಹುದು. ಮಕ್ಕಳೊಡನೆ ಬಂದವರಿಗೆ ಅಲ್ಲಿನ ಆಕರ್ಷಣೆ ಗಿರಗಿಟ್ಟಲೆ. ಮರದ ಕುದುರೆ, ಹುಲಿ, ಸಿಂಹಗಳ ಮೇಲೆ ಮಕ್ಕಳು ಕುಳಿತು ಸುತ್ತುತ್ತಾರೆ. 'ಎಲ್ಲ ಮಕ್ಕಳ ಗಿರಗಿಟ್ಟಲೆ' ಎಂದೇ ಅದಕ್ಕೆ ಹೆಸರು. ಗಾಲಿಕುರ್ಚಿಯಲ್ಲಿರುವ ಮಗುವೂ ಏರುವಂತೆ ಅದನ್ನು ರೂಪಿಸಿದ್ದಾರೆ. ಚಳಿಗಾಲದಲ್ಲಿ ಮುಚ್ಚಿರುತ್ತದೆ. ಬೆಚ್ಚನೆಯ ದಿನಗಳಲ್ಲಿ, ಅದೂ ವಾರಾಂತ್ಯದ ಮಧ್ಯಾಹ್ನ ಹೋದರೆ ಒಳ್ಳೆಯದು. ಅಲ್ಲಿಂದ ಹೊರಬಂದು ವಿಕ್ಟರಿ ಬುಲೆವಾರ್ಡ್ ಸೇರಿದರೆ ಹಡಗುಕಟ್ಟೆಗೆ ಹಿಂದಿರುಗಲು ಅದೇ ಎಸ್ 62 ಬಸ್ಸು.